ಬರಿಗಾಲಿನಲ್ಲಿ ನಡೆದ ನಂಜನಗೂಡಿನ ಅಯ್ಯರ್

– ಹಳೆಯ ವಿದ್ಯಾರ್ಥಿ, 2003–04ನೇ ಸಾಲು, ಬಿ.ಇ., ಸಾಫ್ಟ್‌ವೇರ್ ಇಂಜಿನಿಯರ್, ಬೆಂಗಳೂರು

ನಮ್ಮ ಶಾಲೆಯಲ್ಲಿ ಓದಿದವರಿಗೆಲ್ಲ ಬೆಳಗಿನ ಪ್ರಾರ್ಥನೆಯ ನಂತರದ ವಾರ್ತಾವಾಚನ ನೆನಪಿರಬೇಕು. ಮದ್ದೂರಿನಿಂದ ಬರುವ ಮೊದಲ ಬಸ್ಸಿನಲ್ಲಿ ಪೇಪರ್ ಕಟ್ಟು ಬರುತ್ತಿತ್ತು. ಸರದಿ ಇದ್ದವನು ಟೀ ಅಂಗಡಿಯ ಹತ್ತಿರ ಕಾದು ನಿಂತು, ಶಾಲೆಯ ಪ್ರತಿಯನ್ನು ತೆಗೆದುಕೊಂಡು ಓಡಿ ಬಂದು, ಐದಾರು ಸುದ್ದಿಗಳನ್ನು ಪೆನ್ನಿನಲ್ಲಿ ಗುರುತು ಹಾಕಿಕೊಂಡು, ಎಲ್ಲರೆದುರು ನಿಂತು ಓದಬೇಕು. 2003ರ ಡಿಸೆಂಬರ್ 22, ಸೋಮವಾರ ನನ್ನ ಸರದಿ. ಆಗ ನಾನು ಹತ್ತನೆಯ ತರಗತಿ. ಹಿಂದಿನ ವಾರವಷ್ಟೇ ಅಡಿಲೇಡಿನಲ್ಲಿ ದ್ರಾವಿಡ್ ಆಡಿ ಭಾರತವನ್ನು ಗೆಲ್ಲಿಸಿದ್ದರು. ಶಾಲೆಯ ಹುಡುಗರ ತಲೆಯಲ್ಲಿ ಕ್ರಿಕೆಟ್ ಬಿಟ್ಟು ಬೇರೇನೂ ಇರಲಿಲ್ಲ. ನಾನೂ ಕ್ರಿಕೆಟ್ ಸುದ್ದಿಯನ್ನೇ ಎಳೆದೆಳೆದು ಓದಿ, ಚಪ್ಪಾಳೆ ಗಿಟ್ಟಿಸಿ, ಸಾಲಿಗೆ ಹೋಗಿ ನಿಂತೆ.

ಮೊದಲ ಪೀರಿಯಡ್ ಕನ್ನಡ. ಮೇಷ್ಟ್ರು ಅದೇ ಪೇಪರನ್ನು ಕೈಯಲ್ಲಿ ಹಿಡಿದು ಬಂದರು. ಮುಖಪುಟದಲ್ಲಿ ಫೋಟೊ ಸಮೇತ ಬಂದಿದ್ದ ಒಂದು ಸುದ್ದಿಯನ್ನು ನಾನೇಕೆ ಓದಲಿಲ್ಲ ಎಂದು ಕೇಳಿದರು. ಬಿಳಿ ಗಡ್ಡದ ಮುದುಕರೊಬ್ಬರು ಹಿಂದಿನ ದಿನ ಮುಂಬೈಯಲ್ಲಿ ತೀರಿಕೊಂಡಿದ್ದ ಸುದ್ದಿ ಅದು. ಜಿ.ವಿ. ಅಯ್ಯರ್ ಯಾರೆಂದು ನನಗೆ ಗೊತ್ತಿರಲಿಲ್ಲ. ಗೊತ್ತಿಲ್ಲ ಅಂತಲೇ ಹೇಳಿದೆ. ಮೇಷ್ಟ್ರು ಬೈಯಲಿಲ್ಲ. ಆ ದಿನ ಪಾಠವನ್ನೂ ಮಾಡಲಿಲ್ಲ. ನಲವತ್ತು ನಿಮಿಷ ಅಯ್ಯರ್ ಬಗ್ಗೆ ಮಾತಾಡಿದರು. ಬೆಲ್ ಹೊಡೆದಾಗ ನನ್ನ ಕಡೆ ತಿರುಗಿ, ಈ ಮನುಷ್ಯನ ಬಗ್ಗೆ ಒಂದು ಪುಟ ಬರೆದು ತಂದು ತೋರಿಸು ಎಂದರು.

ನಾನು ಬರೆಯಲಿಲ್ಲ. ಜನವರಿಯಲ್ಲಿ ಪ್ರಿಪರೇಟರಿ, ಮಾರ್ಚಿಯಲ್ಲಿ ಪರೀಕ್ಷೆ, ಆಮೇಲೆ ಪಿ.ಯು., ಸಿ.ಇ.ಟಿ., ಇಂಜಿನಿಯರಿಂಗ್, ಬೆಂಗಳೂರು. ಮೇಷ್ಟ್ರು ಎರಡು ಸಲ ನೆನಪಿಸಿದ್ದರು, ಮೂರನೇ ಸಲ ಬಿಟ್ಟುಬಿಟ್ಟರು. ನಾನು ಕೆಲಸಕ್ಕೆ ಸೇರಿದ ಮೂರನೆಯ ವರ್ಷ ಅವರು ಹೋಗಿಬಿಟ್ಟರು. ಸುವರ್ಣ ಮಹೋತ್ಸವದ ಸಂಚಿಕೆಗೆ ಏನಾದರೂ ಬರೆದುಕೊಡಿ ಎಂದು ಸಮಿತಿಯವರು ಫೋನ್ ಮಾಡಿದಾಗ ನನಗೆ ಬೇರೆ ವಿಷಯ ಹೊಳೆಯಲಿಲ್ಲ.

ನಂಜನಗೂಡು ನಮಗೆ ದೂರದ ಊರೇನಲ್ಲ. ಮೈಸೂರು ದಾಟಿದರೆ ಆಯಿತು. ನಮ್ಮಲ್ಲಿ ಎಷ್ಟೋ ಮನೆಗಳಿಗೆ ನಂಜುಂಡೇಶ್ವರನೇ ಮನೆದೇವರು. ರಸಬಾಳೆ, ಹಲ್ಲುಪುಡಿ, ಕಪಿಲಾ ನದಿಯ ಸೋಪಾನ, ಇಷ್ಟು ಎಲ್ಲರಿಗೂ ಗೊತ್ತು. ಆ ಊರಿನಲ್ಲಿ 1917ರ ಸೆಪ್ಟೆಂಬರ್ 3ರಂದು ಗಣಪತಿ ವೆಂಕಟರಮಣ ಅಯ್ಯರ್ ಹುಟ್ಟಿದರು. ಶಾಲೆಯಲ್ಲಿ ಅಕ್ಷರ ತಿದ್ದಬೇಕಾದ ಎಂಟನೆಯ ವಯಸ್ಸಿಗೆ ಹುಡುಗ ಗುಬ್ಬಿ ವೀರಣ್ಣನವರ ನಾಟಕ ಕಂಪನಿ ಸೇರಿದ. ಶಾಲೆಯ ಸಂಚಿಕೆಯಲ್ಲಿ ಇದನ್ನು ಬರೆಯುವುದು ಸರಿಯೋ ತಪ್ಪೋ, ಆದರೆ ನಡೆದದ್ದು ಹಾಗೆ. ಅವನಿಗೆ ಹೈಸ್ಕೂಲು, ಕಾಲೇಜು, ಸಿನಿಮಾ ಇನ್‌ಸ್ಟಿಟ್ಯೂಟು ಎಲ್ಲವೂ ಆ ಕಂಪನಿಯೇ.

ಕಂಪನಿ ನಾಟಕ ಎಂದರೆ ಏನೆಂದು ಇಂದಿನ ಮಕ್ಕಳಿಗೆ ಹೇಳಬೇಕಾದೀತು. ಮಂಡ್ಯ ಜಿಲ್ಲೆಯ ಮಕ್ಕಳಿಗೆ ಮಾತ್ರ ಅಷ್ಟು ಹೇಳಬೇಕಿಲ್ಲ. ನಮ್ಮ ಊರುಗಳಲ್ಲಿ ಇವತ್ತಿಗೂ ಹಬ್ಬದ ಮಾರನೆಯ ರಾತ್ರಿ ಕುರುಕ್ಷೇತ್ರ ಆಡುತ್ತೇವೆ. ಕಬ್ಬು ಕಡಿದು ಬಂದ ದುಡ್ಡಿನಲ್ಲಿ ಹಾರ್ಮೋನಿಯಂ ಮೇಷ್ಟ್ರಿಗೆ ಕೊಟ್ಟು, ಆರು ತಿಂಗಳು ಪ್ರಾಕ್ಟೀಸು ಮಾಡಿ, ಬಾಡಿಗೆ ಕಿರೀಟ ಇಟ್ಟುಕೊಂಡು ದುರ್ಯೋಧನನಾಗುವ ರೈತರು ಇದ್ದಾರೆ. ನನ್ನ ತಾತ ಮೂರು ಸಲ ಶಕುನಿಯಾಗಿದ್ದಾರೆ. ಆ ಸೀನರಿ, ಆ ಕಂದಪದ್ಯ, ಆ ಏರುದನಿ ಎಲ್ಲ ಗುಬ್ಬಿಯಂಥ ಕಂಪನಿಗಳಿಂದ ನಮ್ಮ ಹಳ್ಳಿಗೆ ಇಳಿದು ಬಂದವು. ಕಂಪನಿಯಲ್ಲಿ ಸೇರಿದ ಹುಡುಗ ಪಾತ್ರವನ್ನಷ್ಟೇ ಮಾಡುವಂತಿರಲಿಲ್ಲ. ಪರದೆ ಎಳೆಯಬೇಕು, ಹಾಡಬೇಕು, ಹಿರಿಯ ನಟ ಬಾರದಿದ್ದರೆ ಅವನ ಮಾತು ಬಾಯಿಪಾಠ ಒಪ್ಪಿಸಬೇಕು. ಸಭಿಕರು ಎಲ್ಲಿ ಸುಮ್ಮನಾಗುತ್ತಾರೆ, ಎಲ್ಲಿ ಕೆಮ್ಮಲು ಶುರುಮಾಡುತ್ತಾರೆ ಎಂಬುದು ಸಾವಿರ ರಾತ್ರಿ ಪರದೆಯ ಮರೆಯಲ್ಲಿ ನಿಂತವನಿಗೆ ತಾನಾಗಿಯೇ ತಿಳಿಯುತ್ತದೆ. ಅಯ್ಯರ್ ಬರಹಗಾರರಾದದ್ದು ಅಲ್ಲಿಂದ ಎಂಬುದು ನನ್ನ ನಂಬಿಕೆ.

1943ರಲ್ಲಿ ರಾಧಾರಮಣ ಎಂಬ ಚಿತ್ರದಲ್ಲಿ ಅವರು ಮೊದಲ ಸಲ ಬೆಳ್ಳಿತೆರೆಯ ಮೇಲೆ ಕಾಣಿಸಿಕೊಂಡರು. ಮುಂದೆ ಎಲ್ಲರನ್ನೂ ನಗಿಸಿದ ಬಾಲಕೃಷ್ಣ ಅವರಿಗೂ ಅದೇ ಮೊದಲ ಚಿತ್ರ. ಆಗ ವರ್ಷಕ್ಕೆ ಬೆರಳೆಣಿಕೆಯಷ್ಟೂ ಕನ್ನಡ ಚಿತ್ರ ಬರುತ್ತಿರಲಿಲ್ಲ. ಸಿನಿಮಾ ನಂಬಿ ಬದುಕುವ ಹಾಗಿರಲಿಲ್ಲ.

1948ರ ಜನವರಿಯಲ್ಲಿ ಗಾಂಧೀಜಿಯ ಹತ್ಯೆಯಾಯಿತು. ಆಮೇಲೆ ಅಯ್ಯರ್ ಕಾಲಿಗೆ ಚಪ್ಪಲಿ ಹಾಕುವುದನ್ನು ಬಿಟ್ಟರು. ಉಳಿದ ಐವತ್ತೈದು ವರ್ಷ ಬರಿಗಾಲಲ್ಲೇ ಓಡಾಡಿದರು. ಸ್ಟುಡಿಯೊಗೂ ಹಾಗೆಯೇ, ದೆಹಲಿಗೆ ಪ್ರಶಸ್ತಿ ತೆಗೆದುಕೊಳ್ಳಲು ಹೋದಾಗಲೂ ಹಾಗೆಯೇ. ಇದನ್ನು ಮೇಷ್ಟ್ರು ಹೇಳಿದಾಗ ನಮ್ಮ ಕ್ಲಾಸಿನಲ್ಲಿ ಯಾರೂ ಬೆರಗಾಗಲಿಲ್ಲ, ಯಾಕೆಂದರೆ ಅರ್ಧ ಕ್ಲಾಸು ಬರಿಗಾಲಲ್ಲೇ ಬಂದಿತ್ತು. ಇಲ್ಲದೆ ಬರಿಗಾಲಲ್ಲಿರುವುದು ಬೇರೆ, ಇದ್ದೂ ಬಿಡುವುದು ಬೇರೆ ಎಂದು ಅವರು ಬಿಡಿಸಿ ಹೇಳಬೇಕಾಯಿತು. ಆ ತಲೆಮಾರಿನವರ ಈ ಹಟ ನಮಗೆ ಹೊಸದಾಗಿರಬಾರದು. ಮದ್ದೂರಿನ ಪಕ್ಕದ ಶಿವಪುರದಲ್ಲಿ 1938ರ ಏಪ್ರಿಲ್‌ನಲ್ಲಿ ನಿಷೇಧವನ್ನು ಮೀರಿ ಧ್ವಜ ಹಾರಿಸಿದಾಗ ಅಯ್ಯರ್ ಇಪ್ಪತ್ತರ ಹುಡುಗ. ಬಸ್ಸಿನಲ್ಲಿ ಹೋಗುವಾಗ ನಾವು ದಿನಾ ನೋಡುತ್ತಿದ್ದ ಆ ಸತ್ಯಾಗ್ರಹ ಸೌಧದ ಕಾಲದವರು ಅವರು.

1954ರಲ್ಲಿ ಬೇಡರ ಕಣ್ಣಪ್ಪ ಬಂತು. ಗುಬ್ಬಿ ಕಂಪನಿಯ ನಾಟಕವೇ ಚಿತ್ರವಾಯಿತು. ನಿರ್ದೇಶನ ಎಚ್.ಎಲ್.ಎನ್. ಸಿಂಹ ಅವರದು. ಮುತ್ತುರಾಜ ರಾಜ್‌ಕುಮಾರ್ ಆದದ್ದು ಈ ಚಿತ್ರದಲ್ಲಿ. ನರಸಿಂಹರಾಜು, ಅಯ್ಯರ್ ಇಬ್ಬರೂ ಇದರಲ್ಲಿ ಇದ್ದಾರೆ. ಮೂವರೂ ಗುಬ್ಬಿ ಕಂಪನಿಯ ಅನ್ನ ತಿಂದವರು. ಮುಂದೆ ಸೋದರಿ, ಮಹಾಕವಿ ಕಾಳಿದಾಸ ಮೊದಲಾದ ಚಿತ್ರಗಳಲ್ಲೂ ಅಯ್ಯರ್ ನಟಿಸಿದರು. ನಾಯಕನ ಪಾತ್ರ ಅವರಿಗೆ ಬರಲಿಲ್ಲ. ಬರುವ ಮುಖವೂ ಅದಲ್ಲ ಎಂದು ಅವರಿಗೇ ಗೊತ್ತಿದ್ದಿರಬೇಕು. ಅವರ ಕೈ ಲೇಖನಿಯ ಕಡೆ ಹೊರಳಿತು. ಹಾಡು ಬರೆದರು, ಸಂಭಾಷಣೆ ಬರೆದರು, ಚಿತ್ರಕಥೆ ಬರೆದರು. ಕಣ್ತೆರೆದು ನೋಡು, ಗಾಳಿಗೋಪುರ ಮುಂತಾದ ಚಿತ್ರಗಳಿಗೆ ಅವರು ಬರೆದ ಹಾಡುಗಳು ನಮ್ಮ ಮನೆಗಳ ರೇಡಿಯೊದಲ್ಲಿ ದಶಕಗಟ್ಟಲೆ ಬಂದವು. ಬರೆದವರು ಯಾರೆಂದು ಕೇಳುವ ಗೋಜಿಗೆ ನಾವು ಹೋಗಲಿಲ್ಲ, ಅಷ್ಟೆ. ಹಾಡಿದವರ ಹೆಸರು ಗೊತ್ತು, ಕುಣಿದವರ ಹೆಸರು ಗೊತ್ತು. ನನ್ನ ಕಸುಬಿನಲ್ಲೂ ಹಾಗೆಯೇ. ಆ್ಯಪ್ ಬಳಸುವವರಿಗೆ ಕೋಡ್ ಬರೆದವನ ಹೆಸರು ಯಾಕೆ ಬೇಕು?

ಐವತ್ತರ ದಶಕದ ಕೊನೆಯ ಹೊತ್ತಿಗೆ ಕನ್ನಡ ಚಿತ್ರರಂಗದ ಸ್ಥಿತಿ ತೀರಾ ಕೆಟ್ಟಿತ್ತು. ಚಿತ್ರಗಳು ತಯಾರಾಗುತ್ತಿದ್ದುದು ಮದರಾಸಿನಲ್ಲಿ. ಅಲ್ಲಿ ತಮಿಳು, ತೆಲುಗು ಚಿತ್ರಗಳಿಗೆ ಸ್ಟುಡಿಯೊ ಸಿಕ್ಕಿದ ಮೇಲೆ ಉಳಿದರೆ ಕನ್ನಡಕ್ಕೆ. ಕೆಲಸವಿಲ್ಲದ ಕಲಾವಿದರು ಊರಿಗೆ ಹಿಂತಿರುಗುವ ಯೋಚನೆಯಲ್ಲಿದ್ದರು. ಆಗ ರಾಜ್‌ಕುಮಾರ್, ಬಾಲಕೃಷ್ಣ, ನರಸಿಂಹರಾಜು, ಅಯ್ಯರ್ ನಾಲ್ವರೂ ಸೇರಿ ಕನ್ನಡ ಚಲನಚಿತ್ರ ಕಲಾವಿದರ ಸಂಘ ಕಟ್ಟಿದರು. ತಮಗೆ ಗೊತ್ತಿದ್ದ ಹಳೆಯ ವಿದ್ಯೆಗೆ, ಎಂದರೆ ನಾಟಕಕ್ಕೆ ಮರಳಿದರು. ಊರೂರು ತಿರುಗಿ ನಾಟಕವಾಡಿದರು. ಸಿನಿಮಾದಲ್ಲಿ ನೋಡಿದ ಮುಖಗಳನ್ನು ಎದುರಿಗೇ ನೋಡಲು ಜನ ಗಾಡಿ ಕಟ್ಟಿಕೊಂಡು ಬಂದರು. ಹಾಗೆ ಕೂಡಿಟ್ಟ ಹಣದಿಂದ 1960ರಲ್ಲಿ ರಣಧೀರ ಕಂಠೀರವ ಚಿತ್ರ ತೆಗೆದರು. ಎನ್.ಸಿ. ರಾಜನ್ ನಿರ್ದೇಶನ, ಜಿ.ಕೆ. ವೆಂಕಟೇಶ್ ಸಂಗೀತ, ಬರವಣಿಗೆ ಅಯ್ಯರ್ ಅವರದು.

ಈ ಚಿತ್ರದ ಬಗ್ಗೆ ಸ್ವಲ್ಪ ಹೆಚ್ಚು ಹೇಳಬೇಕು, ಯಾಕೆಂದರೆ ಕಥೆ ನಮ್ಮ ಜಿಲ್ಲೆಯದು. ಕಂಠೀರವ ನರಸರಾಜ ಒಡೆಯರು 1638ರಿಂದ 1659ರವರೆಗೆ ಶ್ರೀರಂಗಪಟ್ಟಣದಿಂದ ಆಳಿದವರು. ಹಿಂದಿನ ಅರಸನಿಗೆ ವಿಷವಿಟ್ಟ ದಳವಾಯಿ ವಿಕ್ರಮರಾಯನನ್ನು ತೆಗೆದುಹಾಕಿ ಗದ್ದುಗೆಯನ್ನು ಭದ್ರಪಡಿಸಿಕೊಂಡವರು. ಬಿಜಾಪುರದ ರಣದುಲ್ಲಾಖಾನನ ಸೈನ್ಯ ಕೋಟೆಗೆ ಮುತ್ತಿಗೆ ಹಾಕಿದಾಗ ಹಿಮ್ಮೆಟ್ಟಿಸಿದವರು. ಟಂಕಸಾಲೆ ಇಟ್ಟು ಸ್ವಂತ ನಾಣ್ಯ ಹೊರಡಿಸಿದರು. ಕಂಠೀರಾಯ ಹಣ ಎಂದು ಹಳೆಯ ಕ್ರಯಪತ್ರಗಳಲ್ಲಿ ಬರುವುದು ಅದೇ. ಮಾರುವೇಷದಲ್ಲಿ ತಿರುಚಿರಾಪಳ್ಳಿಗೆ ಹೋಗಿ ಅಲ್ಲಿನ ಜಟ್ಟಿಯನ್ನು ಸೋಲಿಸಿ ಬಂದರು ಎಂಬ ಕಥೆಯನ್ನು ನಮ್ಮ ಕಡೆಯ ಗರಡಿಮನೆಗಳಲ್ಲಿ ಹೇಳುತ್ತಿದ್ದರು. ಶ್ರೀರಂಗಪಟ್ಟಣದ ನರಸಿಂಹಸ್ವಾಮಿ ಗುಡಿಯನ್ನು ಕಟ್ಟಿಸಿದವರು ಇವರೇ, ಒಳಗೆ ಇವರ ಕಲ್ಲಿನ ಪ್ರತಿಮೆಯೂ ಇದೆ. ರಂಗನಾಥನ ದರ್ಶನಕ್ಕೆ ಹೋಗುವ ನೂರು ಜನರಲ್ಲಿ ಇಬ್ಬರೂ ಅಲ್ಲಿಗೆ ಹೋಗುವುದಿಲ್ಲ. ನಾನು ಹೋದದ್ದೂ ಈ ಲೇಖನ ಬರೆಯಲು ಕುಳಿತ ಮೇಲೆಯೇ.

ಇಷ್ಟು ಸಾಮಗ್ರಿ ಸಿಕ್ಕರೆ ಯಾರಾದರೂ ಚಿತ್ರಕಥೆ ಬರೆಯಬಹುದಿತ್ತು ಎನಿಸಬಹುದು. ಹಾಗಲ್ಲ. ಮೈಸೂರು ರಾಜ್ಯ ದೊಡ್ಡದಾಗಿ ಆಗಿನ್ನೂ ನಾಲ್ಕು ವರ್ಷ. ಧಾರವಾಡ, ಬಳ್ಳಾರಿ, ಕಲಬುರಗಿ ಕಡೆಯವರಿಗೆ ಮೈಸೂರಿನ ಒಬ್ಬ ಅರಸ ತಮ್ಮವನು ಅನಿಸಬೇಕಿತ್ತು. ಅಯ್ಯರ್ ಕಂಠೀರವನನ್ನು ಮೈಸೂರಿನ ಅರಸನಾಗಿ ಬಿಡದೆ ಕನ್ನಡದ ವೀರನನ್ನಾಗಿ ಬರೆದರು. ದಳವಾಯಿಯ ಪಿತೂರಿ, ಗರಡಿಯ ಕುಸ್ತಿ, ಮಾರುವೇಷ ಎಲ್ಲವೂ ಕಂಪನಿ ನಾಟಕದ ಸಭಿಕನಿಗೆ ಗುರುತಿರುವ ಸರಕು. ಇತಿಹಾಸವನ್ನು ಒರೆಗೆ ಹಚ್ಚುವವರಿಗೆ ತಕರಾರು ಇದ್ದೇ ಇರುತ್ತದೆ. ನನಗೂ ಕೆಲವು ದೃಶ್ಯಗಳು ಉದ್ದವಾದವು ಎನಿಸಿತು. ಆದರೆ ನನ್ನ ತಾತ ಹದಿನೆಂಟರ ವಯಸ್ಸಿನಲ್ಲಿ ಮಳವಳ್ಳಿಯ ಟೆಂಟಿನಲ್ಲಿ ಇದನ್ನು ನೋಡಿದರು. ನಾಲ್ಕು ಜನ ಗೆಳೆಯರೊಂದಿಗೆ ಗದ್ದೆ ಬದುವಿನ ಮೇಲೆ ನಡೆದು ಹೋಗಿ, ನೆಲದ ಟಿಕೆಟ್ಟಿನಲ್ಲಿ ಮರಳ ಮೇಲೆ ಕೂತು ನೋಡಿ, ಮತ್ತೆ ನಡೆದು ಮನೆ ಸೇರುವಾಗ ಕೋಳಿ ಕೂಗಿತ್ತಂತೆ. ದಾರಿಯುದ್ದಕ್ಕೂ ಮಾತುಗಳನ್ನು ಒಬ್ಬರಿಗೊಬ್ಬರು ಒಪ್ಪಿಸುತ್ತ ಬಂದರಂತೆ. ಎಂಬತ್ತಮೂರರಲ್ಲಿ ಬೆಳಿಗ್ಗೆ ತಿಂದದ್ದು ಅವರಿಗೆ ನೆನಪಿರುವುದಿಲ್ಲ, ಕಂಠೀರವನ ಮಾತು ಇವತ್ತಿಗೂ ತಪ್ಪುವುದಿಲ್ಲ.

ಆ ಚಿತ್ರದ ನಂತರ ಅಯ್ಯರ್ ಸ್ವತಃ ನಿರ್ದೇಶನಕ್ಕೆ ಇಳಿದರು. 1962ರ ಭೂದಾನ, ಉಳಲು ಸ್ವಂತ ನೆಲವಿಲ್ಲದ ಬಡ ಕುಟುಂಬದ ಕಥೆ. ವಿನೋಬಾ ಭಾವೆಯವರ ಭೂದಾನ ಚಳವಳಿಯ ಗಾಳಿ ಬೀಸುತ್ತಿದ್ದ ಕಾಲ. ರಾಜ್‌ಕುಮಾರ್, ಉದಯಕುಮಾರ್, ಕಲ್ಯಾಣ್‌ಕುಮಾರ್ ಮೂವರೂ ಅದರಲ್ಲಿ ಒಟ್ಟಿಗೆ ಇದ್ದಾರೆ. ಅದೇ ವರ್ಷ ತಾಯಿ ಕರುಳು. ಆಮೇಲೆ ಬಂಗಾರಿ, ಲಾಯರ್ ಮಗಳು, ಪೋಸ್ಟ್ ಮಾಸ್ಟರ್, ಕಿಲಾಡಿ ರಂಗ, ರಾಜಶೇಖರ, ಮೈಸೂರು ಟಾಂಗ ಹೀಗೆ ಆ ದಶಕದಲ್ಲಿ ಸುಮಾರು ಹತ್ತು ಚಿತ್ರಗಳು. ಇವುಗಳ ಬಗ್ಗೆ ಬಹಳ ಹೇಳಲು ನನಗೆ ಇಷ್ಟವಿಲ್ಲ. ಒಂದೆರಡನ್ನು ಬಿಟ್ಟರೆ ಉಳಿದವು ಆ ಕಾಲದ ಮಾರುಕಟ್ಟೆಗೆ ಬೇಕಾದಂತೆ ಮಾಡಿದವು. ಕತ್ತಿವರಸೆ, ಅತ್ತೆ ಸೊಸೆ, ಒಂದು ಹಾಸ್ಯದ ಟ್ರ್ಯಾಕು. ಹಾಡುಗಳು ಉಳಿದವು, ಚಿತ್ರಗಳು ಉಳಿಯಲಿಲ್ಲ. ಮೇಷ್ಟ್ರು ಇದ್ದಿದ್ದರೆ ಈ ಮಾತನ್ನು ಒಪ್ಪುತ್ತಿರಲಿಲ್ಲ. ಅವರಿಗೆ ಪೋಸ್ಟ್ ಮಾಸ್ಟರ್ ಬಹಳ ಇಷ್ಟ.

1970ರ ಹೊತ್ತಿಗೆ ಅಯ್ಯರ್‌ಗೆ ಐವತ್ತಮೂರು. ಆ ವರ್ಷ ಸಂಸ್ಕಾರ ಚಿತ್ರ ಬಂದು ರಾಷ್ಟ್ರದ ಸ್ವರ್ಣಕಮಲ ಗೆದ್ದಿತು. ಸ್ಟುಡಿಯೊ ಇಲ್ಲ, ಸ್ಟಾರ್ ಇಲ್ಲ, ಹಾಡಿಲ್ಲ. ಕಂಪನಿ ನಾಟಕದಿಂದ ಬಂದು ಮದರಾಸಿನ ಪದ್ಧತಿಯಲ್ಲಿ ಪಳಗಿದವರಿಗೆ ಇದು ತಮ್ಮ ಅಂಗಡಿ ಮುಚ್ಚಿಸಲು ಬಂದ ಸರಕಿನಂತೆ ಕಂಡಿರಬೇಕು. ಹಿಂದಿನ ಪೀಳಿಗೆಯ ಎಷ್ಟೋ ಮಂದಿ ಮೂಗು ಮುರಿದರು. ಅಯ್ಯರ್ ಮಾಡಿದ್ದೇ ಬೇರೆ. ಎಸ್.ಎಲ್. ಭೈರಪ್ಪನವರ ವಂಶವೃಕ್ಷ ಕಾದಂಬರಿಯನ್ನು ಚಿತ್ರ ಮಾಡಲು ಬಿ.ವಿ. ಕಾರಂತ, ಗಿರೀಶ ಕಾರ್ನಾಡ ಎಂಬ ಇಬ್ಬರು ಕಿರಿಯರಿಗೆ ನಿರ್ಮಾಪಕರಾಗಿ ನಿಂತರು. ಇಬ್ಬರೂ ಅದಕ್ಕೆ ಮುಂಚೆ ಚಿತ್ರ ನಿರ್ದೇಶಿಸಿದವರಲ್ಲ. ಕಾರಂತರೂ ಹುಡುಗರಾಗಿದ್ದಾಗ ಗುಬ್ಬಿ ಕಂಪನಿಯಲ್ಲಿದ್ದವರು, ಅದೊಂದು ನಂಟು. ಇನ್ನೊಂದು ನಂಟು, ವಂಶವೃಕ್ಷದ ಶ್ರೀನಿವಾಸ ಶ್ರೋತ್ರಿಗಳ ಮನೆ ಇರುವುದು ನಂಜನಗೂಡಿನಲ್ಲಿ. ತಮ್ಮ ಊರಿನ ಹೊಳೆದಂಡೆಯ ಕಥೆಯನ್ನು ತಾವು ನಿರ್ದೇಶಿಸದೆ ಕಿರಿಯರ ಕೈಗೆ ಕೊಟ್ಟು, ದುಡ್ಡಿನ ಹೊಣೆಯನ್ನು ತಾವು ಹೊತ್ತರು. 1971ರ ಆ ಚಿತ್ರಕ್ಕೆ ಕಾರಂತ, ಕಾರ್ನಾಡ ಇಬ್ಬರಿಗೂ ಶ್ರೇಷ್ಠ ನಿರ್ದೇಶನದ ರಾಷ್ಟ್ರಪ್ರಶಸ್ತಿ ಬಂತು. ಮುಂದೆ ವಿಷ್ಣುವರ್ಧನ್ ಆದ ಸಂಪತ್ ಕುಮಾರ್ ಅದರಲ್ಲಿ ಸಣ್ಣ ಪಾತ್ರವೊಂದರಲ್ಲಿ ಕಾಣುತ್ತಾರೆ.

ಇಲ್ಲಿ ನನ್ನ ಮಾತೊಂದನ್ನು ಸೇರಿಸುತ್ತೇನೆ. ಎರಡು ವರ್ಷದ ಹಿಂದೆ ನಾನು ಕೆಲಸ ಮಾಡುತ್ತಿದ್ದ ಕಡೆ ನಮ್ಮ ತಂಡವನ್ನೇ ತೆಗೆದುಹಾಕಿದರು. ನನಗಾಗ ಮೂವತ್ತನಾಲ್ಕು. ಹನ್ನೆರಡು ವರ್ಷ ಒಂದೇ ತಂತ್ರಜ್ಞಾನದಲ್ಲಿ ಕೈ ಪಳಗಿಸಿದ್ದೆ. ಸಂದರ್ಶನಕ್ಕೆ ಹೋದರೆ ಇಪ್ಪತ್ತೈದರ ಹುಡುಗ ಎದುರಿಗೆ ಕೂತು, ನನಗೆ ಬರುವುದೆಲ್ಲ ಹಳತಾಯಿತು ಎನ್ನುವ ಹಾಗೆ ನೋಡುತ್ತಿದ್ದ. ಐದು ತಿಂಗಳು ಮನೆಯಲ್ಲಿದ್ದೆ. ಊರಿಗೆ ಫೋನ್ ಮಾಡಿದಾಗ ಅವ್ವನಿಗೆ ಕೆಲಸಕ್ಕೆ ಹೋಗುತ್ತಿದ್ದೇನೆ ಎಂದೇ ಹೇಳುತ್ತಿದ್ದೆ. ಆ ದಿನಗಳಲ್ಲಿ ರಾತ್ರಿ ನಿದ್ದೆ ಬಾರದೆ ಯೂಟ್ಯೂಬಿನಲ್ಲಿ ಏನೇನೋ ನೋಡುವಾಗ ಹಂಸಗೀತೆ ಎದುರಾಯಿತು. ಕೊನೆಯಲ್ಲಿ ಅಯ್ಯರ್ ಹೆಸರು ಕಂಡಾಗ ಮೇಷ್ಟ್ರು ಕೇಳಿದ್ದ ಒಂದು ಪುಟ ನೆನಪಾಯಿತು. ಎದ್ದು ಲೆಕ್ಕ ಹಾಕಿದೆ. 1975ರಲ್ಲಿ ಹಂಸಗೀತೆ ಮಾಡಿದಾಗ ಅವರಿಗೆ ಐವತ್ತೆಂಟು. ಸರ್ಕಾರಿ ನೌಕರನಿಗೆ ಪಿಂಚಣಿ ಪತ್ರ ಸಿದ್ಧವಾಗುವ ವಯಸ್ಸು.

ನಮ್ಮ ಶಾಲೆ ಶುರುವಾದದ್ದೂ 1975ರಲ್ಲೇ ಎಂಬುದು ಕಾಕತಾಳೀಯ.

ಹಂಸಗೀತೆ ತ.ರಾ.ಸು. ಅವರ ಕಾದಂಬರಿ. ಚಿತ್ರದುರ್ಗದ ಭೈರವಿ ವೆಂಕಟಸುಬ್ಬಯ್ಯ ಎಂಬ ಸಂಗೀತಗಾರನ ಕಥೆ. ಅಹಂಕಾರದಿಂದ ಶುರುವಾಗಿ, ಗುರುವನ್ನೂ ಊರನ್ನೂ ದಾಟಿ, ಕೊನೆಗೆ ದೊರೆಯ ಅಪ್ಪಣೆಗೆ ಹಾಡುವುದಕ್ಕಿಂತ ನಾಲಿಗೆಯನ್ನೇ ತೊರೆಯುವ ತನಕ ಹೋಗುವ ಮನುಷ್ಯ. ಅನಂತನಾಗ್ ಆ ಪಾತ್ರ ಮಾಡಿದ್ದಾರೆ. ಎಂ. ಬಾಲಮುರಳಿಕೃಷ್ಣ ಹಾಡಿದ್ದಾರೆ. ಸಂಗೀತದಲ್ಲಿ ಅವರ ಜೊತೆ ಕಾರಂತರ ಕೈಯೂ ಇದೆ. ಆ ವರ್ಷದ ಶ್ರೇಷ್ಠ ಕನ್ನಡ ಚಿತ್ರ ಎಂಬ ರಾಷ್ಟ್ರಪ್ರಶಸ್ತಿ ಚಿತ್ರಕ್ಕೆ, ಶ್ರೇಷ್ಠ ಗಾಯಕ ಪ್ರಶಸ್ತಿ ಬಾಲಮುರಳಿಯವರಿಗೆ ಬಂದವು. ನನ್ನನ್ನು ಹಿಡಿದದ್ದು ಪ್ರಶಸ್ತಿಯಲ್ಲ. ಮೂವತ್ತು ವರ್ಷ ಮಾತು ಬರೆದೇ ಹೊಟ್ಟೆ ಹೊರೆದ ಮನುಷ್ಯ ಈ ಚಿತ್ರದಲ್ಲಿ ಮಾತನ್ನು ಬಿಗಿಹಿಡಿದಿದ್ದಾರೆ. ಕೋಟೆಯ ಬಂಡೆಗಳನ್ನು ತೋರಿಸಿ ಸುಮ್ಮನಾಗುತ್ತಾರೆ. ಏನು ಹೇಳಬೇಕೋ ಅದನ್ನು ರಾಗಕ್ಕೆ ಬಿಡುತ್ತಾರೆ. ಕೈ ಪಳಗಿದ್ದ ವಿದ್ಯೆಯನ್ನೇ ಬದಿಗಿಟ್ಟು ಕೂರುವುದು ಎಷ್ಟು ಕಷ್ಟ ಎಂಬುದು ನನಗೆ ಆ ಐದು ತಿಂಗಳಲ್ಲಿ ಚೆನ್ನಾಗಿ ಗೊತ್ತಾಗಿತ್ತು. ಮಾರನೆಯ ವಾರ ಹೊಸ ಭಾಷೆಯೊಂದರ ಕೋರ್ಸಿಗೆ ದುಡ್ಡು ಕಟ್ಟಿದೆ. ಚಿತ್ರ ನೋಡಿದ್ದಕ್ಕೆ ಕಟ್ಟಿದೆ ಎಂದು ಹೇಳಿದರೆ ಸುಳ್ಳಾಗುತ್ತದೆ. ಹೆಂಡತಿ ಬೈದದ್ದೂ ಒಂದು ಕಾರಣ.

ಅಯ್ಯರ್ ಅಲ್ಲಿಗೂ ನಿಲ್ಲಲಿಲ್ಲ. 1983ರಲ್ಲಿ ಆದಿ ಶಂಕರಾಚಾರ್ಯ ಚಿತ್ರವನ್ನು ಸಂಸ್ಕೃತದಲ್ಲಿ ತೆಗೆದರು. ಸಂಸ್ಕೃತದಲ್ಲಿ ಬಂದ ಮೊದಲ ಕಥಾಚಿತ್ರ ಅದು. ಟಿಕೆಟ್ ಕೊಂಡು ಯಾರು ನೋಡುತ್ತಾರೆ? ಹಣ ಹಾಕಲು ಖಾಸಗಿ ನಿರ್ಮಾಪಕರು ಮುಂದೆ ಬರುವ ಯೋಜನೆಯೇ ಅಲ್ಲ. ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ ಹಣ ಹಾಕಿತು. ಸಂಭಾಷಣೆಗೆ ಬನ್ನಂಜೆ ಗೋವಿಂದಾಚಾರ್ಯರು ಸಿಕ್ಕರು. ಚಿತ್ರಕ್ಕೆ ನಾಲ್ಕು ರಾಷ್ಟ್ರಪ್ರಶಸ್ತಿ ಬಂದವು. ಶ್ರೇಷ್ಠ ಚಿತ್ರ, ಮಧು ಅಂಬಟ್ ಅವರ ಛಾಯಾಗ್ರಹಣ, ಧ್ವನಿಗ್ರಹಣ, ಮತ್ತು ಚಿತ್ರಕಥೆ. ಚಿತ್ರಕಥೆಯ ಪ್ರಶಸ್ತಿ ಅಯ್ಯರ್ ಅವರದೇ.

ಆ ಚಿತ್ರಕಥೆಯಲ್ಲಿ ಒಂದು ಯುಕ್ತಿ ಇದೆ. ತಂದೆ ತೀರಿಕೊಂಡ ಮೇಲೆ ಬಾಲಕ ಶಂಕರನಿಗೆ ಇಬ್ಬರು ಜೊತೆಗಾರರು ಸಿಗುತ್ತಾರೆ. ಒಬ್ಬ ಮೃತ್ಯು, ಇನ್ನೊಬ್ಬ ಪ್ರಜ್ಞಾನ. ಇಬ್ಬರೂ ಮನುಷ್ಯರೂಪದಲ್ಲಿ ಅವನ ಪಕ್ಕದಲ್ಲೇ ನಡೆಯುತ್ತಾರೆ. ಸಾವು ಅವನಿಗೆ ಹೆದರಿಕೆಯಲ್ಲ, ಜೊತೆಗಾರ. ವಿಮರ್ಶಕರು ಇದನ್ನು ಬಹಳ ಹೊಸದು ಎಂದು ಮೆಚ್ಚಿಕೊಂಡರು. ಮಂಡ್ಯದ ಕಡೆ ಶನಿಮಹಾತ್ಮೆ ನಾಟಕ ನೋಡಿದವನಿಗೆ ಅದು ಹೊಸದಲ್ಲ. ನಮ್ಮ ರಂಗದ ಮೇಲೆ ಶನಿ ಕಪ್ಪು ಬಟ್ಟೆ ತೊಟ್ಟು ತಾನೇ ನಡೆದು ಬರುತ್ತಾನೆ, ವಿಕ್ರಮರಾಜನ ಪಕ್ಕದಲ್ಲೇ ನಿಂತು ಮಾತಾಡುತ್ತಾನೆ. ನಳನ ಕಥೆಯಲ್ಲಿ ಕಲಿಯೂ ಹಾಗೆಯೇ. ಕಣ್ಣಿಗೆ ಕಾಣದ್ದನ್ನು ಪಾತ್ರ ಮಾಡಿ ರಂಗಕ್ಕೆ ತರುವ ಕಂಪನಿ ನಾಟಕದ ಹಳೆಯ ಉಪಾಯವನ್ನೇ ಅರವತ್ತಾರರ ಅಯ್ಯರ್ ಅದ್ವೈತಕ್ಕೆ ಬಳಸಿಕೊಂಡರು ಎಂಬುದು ನನ್ನ ಊಹೆ. ಗುಬ್ಬಿ ಕಂಪನಿಯ ಎಂಟು ವರ್ಷದ ಹುಡುಗ ಅವರೊಳಗೆ ಇನ್ನೂ ಇದ್ದ.

ಆಮೇಲೆ ಕನ್ನಡದಲ್ಲಿ ಮಧ್ವಾಚಾರ್ಯ, 1986. ಅದರ ಸಂಗೀತಕ್ಕೆ ಬಾಲಮುರಳಿಯವರಿಗೆ ರಾಷ್ಟ್ರಪ್ರಶಸ್ತಿ. 1989ರಲ್ಲಿ ತಮಿಳಿನಲ್ಲಿ ರಾಮಾನುಜಾಚಾರ್ಯ. ಮೂವರು ಆಚಾರ್ಯರಲ್ಲಿ ರಾಮಾನುಜರು ನಮ್ಮ ಜಿಲ್ಲೆಗೆ ಹತ್ತಿರದವರು. ತೊಣ್ಣೂರು, ಮೇಲುಕೋಟೆ ಎಲ್ಲ ಅವರು ಓಡಾಡಿದ ನೆಲ. ಹಾಗಿದ್ದೂ ಆ ಚಿತ್ರ ನಮ್ಮ ಕಡೆಯ ಜನರಿಗೆ ತಲುಪಲಿಲ್ಲ. ಕನ್ನಡಕ್ಕೆ ಇಷ್ಟು ಬರೆದವರು ಸಂಸ್ಕೃತ, ತಮಿಳು, ಹಿಂದಿ ಎಂದು ಹೊರಟದ್ದು ಯಾಕೆ ಎಂದು ಕೇಳುವವರಿದ್ದಾರೆ. ಆಯಾ ಆಚಾರ್ಯರಿಗೆ ಒಪ್ಪುವ ನುಡಿಯಲ್ಲೇ ಚಿತ್ರ ಇರಬೇಕು ಎಂಬುದು ಅವರ ಹಟ ಎಂದು ಮೇಷ್ಟ್ರು ಹೇಳಿದ್ದರು. ನನಗಂತೂ ಇದು ಪೂರ್ತಿ ಸಮಾಧಾನ ಕೊಡುವುದಿಲ್ಲ. ಮೇಲುಕೋಟೆಯ ಮೆಟ್ಟಿಲ ಮೇಲೆ ನಿಂತು ರಾಮಾನುಜರು ಕನ್ನಡ ಆಡಿದ್ದರೆ ನಮ್ಮ ತಾತ ಇನ್ನೊಂದು ಸಲ ಮಳವಳ್ಳಿಗೆ ನಡೆದು ಹೋಗುತ್ತಿದ್ದರು.

ಮತ್ತೆ ಸಂಸ್ಕೃತದಲ್ಲಿ ಭಗವದ್ಗೀತೆ ಮಾಡಿದರು. ಅದಕ್ಕೂ 1992ರ ಶ್ರೇಷ್ಠ ಚಿತ್ರವೆಂದು ಸ್ವರ್ಣಕಮಲ ಬಂತು. ಆಗ ಅವರಿಗೆ ಎಪ್ಪತ್ತೈದು ದಾಟಿತ್ತು. ಕೊನೆಯ ದೊಡ್ಡ ಚಿತ್ರ ಹಿಂದಿಯ ಸ್ವಾಮಿ ವಿವೇಕಾನಂದ. ಮಿಥುನ್ ಚಕ್ರವರ್ತಿ ಅದರಲ್ಲಿ ರಾಮಕೃಷ್ಣ ಪರಮಹಂಸರಾಗಿ ಶ್ರೇಷ್ಠ ಪೋಷಕ ನಟ ಪ್ರಶಸ್ತಿ ಪಡೆದರು. ಆ ಚಿತ್ರದಲ್ಲಿ ಹೆಸರಾಂತ ನಟನಟಿಯರು ಎಷ್ಟು ಜನ ಬಂದು ಹೋಗುತ್ತಾರೆಂದರೆ ವಿವೇಕಾನಂದರ ಕಡೆ ನೋಡುವುದೇ ಮರೆತುಹೋಗುತ್ತದೆ. ಹಂಸಗೀತೆಯ ಬಿಗಿ ಅಲ್ಲಿಲ್ಲ. ಎಂಬತ್ತರ ಮನುಷ್ಯ ಮಾಡಿದ್ದು ಎಂದು ನಾನು ಸುಮ್ಮನಾಗುತ್ತೇನೆ. ಕನ್ನಡದ ಭೀಷ್ಮ ಎಂದು ಜನ ಕರೆದರು. ಭೀಷ್ಮನಂತೆಯೇ ಸುಲಭಕ್ಕೆ ಮಣಿಯಲಿಲ್ಲ. ರಾಮಾಯಣವನ್ನು ಚಿತ್ರ ಮಾಡುವ ಸಿದ್ಧತೆಯಲ್ಲಿರುವಾಗಲೇ 2003ರ ಡಿಸೆಂಬರ್ 21, ಭಾನುವಾರ ತೀರಿಕ��ಂಡರು. ವಯಸ್ಸು ಎಂಬತ್ತಾರು.

ಮೇಷ್ಟ್ರು ಅಂದು ಕ್ಲಾಸಿನಲ್ಲಿ ಹೇಳಿದ್ದಕ್ಕಿಂತ ಹೆಚ್ಚೇನೂ ನಾನಿಲ್ಲಿ ಹೇಳಿಲ್ಲ. ಇಸವಿಗಳನ್ನು ಮಾತ್ರ ಸರಿಯಾಗಿ ಹುಡುಕಿ ಹಾಕಿದ್ದೇನೆ, ಏಕೆಂದರೆ ಇಸವಿ ತಪ್ಪಿದರೆ ಅವರು ಕೆಂಪು ಇಂಕಿನಲ್ಲಿ ಸುತ್ತುತ್ತಿದ್ದರು. ಒಂದು ಪುಟ ಕೇಳಿದ್ದರು, ಇದು ಬಹಳ ಉದ್ದವಾಯಿತು. ಸಂಚಿಕೆಯ ಒಂದು ಪ್ರತಿಯನ್ನು ಅವರ ಮನೆಗೆ ನಾನೇ ತೆಗೆದುಕೊಂಡು ಹೋಗುತ್ತೇನೆ ಎಂದು ಸಮಿತಿಯವರಿಗೆ ಹೇಳಿದ್ದೇನೆ.

ಇನ್ನೊಂದು ಸುದ್ದಿ. ಮಹೋತ್ಸವದ ಎರಡನೆಯ ರಾತ್ರಿ ಊಟವಾದ ಮೇಲೆ ಶಾಲೆಯ ಮೈದಾನದಲ್ಲಿ ಪರದೆ ಕಟ್ಟಿ ರಣಧೀರ ಕಂಠೀರವ ಹಾಕಿಸೋಣ ಎಂದು ನಮ್ಮ ಬ್ಯಾಚಿನವರು ಮಾತಾಡಿಕೊಂಡಿದ್ದೇವೆ. ಪ್ರೊಜೆಕ್ಟರ್ ನಾನು ಬೆಂಗಳೂರಿನಿಂದ ತರುತ್ತೇನೆ. ಕುರ್ಚಿಗಳು ಎಲ್ಲರಿಗೂ ಸಾಲುವುದಿಲ್ಲ, ಚಾಪೆ ನೀವೇ ತರಬೇಕು. ತಾತ ಆಗಲೇ ಮುಂದಿನ ಸಾಲು ಹಿಡಿಯಲು ಹೇಳಿದ್ದಾರೆ.